ಚೆಂಡು ಯಾರ ಕೈಲಿ, ಗಡಿಯಾರ ಯಾರ ಕೈಲಿ?

ಬೇಸಿಗೆ ರಜೆಗೆ ಬಂದಿದ್ದ ಅಕ್ಕನ ಮಗ ನಮ್ಮ ಟೀವಿಗೆ ಪ್ಲೇಸ್ಟೇಷನ್ ಜೋಡಿಸಿಕೊಂಡು ಎನ್‌ಬಿಎ 2ಕೆ ಎಂಬ ಬ್ಯಾಸ್ಕೆಟ್‌ಬಾಲ್ ಗೇಮ್ ಆಡುತ್ತಿದ್ದ. ಬೆಳಿಗ್ಗೆ ಆರೂವರೆಗೇ ಎದ್ದು ನನ್ನ ಜೊತೆ ಅಮೆರಿಕದ ನಿಜವಾದ ಪಂದ್ಯ ನೋಡಿದ್ದ. ಅಲ್ಲಿ ಎರಡೂ ತಂಡ ನೂರು ದಾಟಿದ್ದವು. ಮಧ್ಯಾಹ್ನ ಇವನ ಆಟ ಮುಗಿದಾಗ ಪರದೆ ಮೇಲೆ 41–37. ‘ಮಾಮ, ಅಲ್ಲಿ ನೂರು ದಾಟುತ್ತೆ, ಇಲ್ಲಿ ಯಾಕೆ ದಾಟಲ್ಲ?’ ಅಂದ. ನಾನು ಉತ್ತರ ಯೋಚಿಸುವಷ್ಟರಲ್ಲಿ ಸೆಟ್ಟಿಂಗ್ಸ್‌ಗೆ ಹೋಗಿ ‘ಗೇಮ್ ಸ್ಪೀಡ್’ ಅನ್ನುವುದನ್ನು ಬಲತುದಿಯವರೆಗೆ ಎಳೆದುಬಿಟ್ಟಿದ್ದ. ಮುಂದಿನ ಆಟದಲ್ಲಿ ಆಟಗಾರರೆಲ್ಲ ಗೂಡಿಗೆ ನೀರು ನುಗ್ಗಿದ ಇರುವೆಗಳ ಹಾಗೆ ಓಡಾಡಿದರು. ಸ್ಕೋರು ಮಾತ್ರ 44–40.

ಅವನು ಜಾಸ್ತಿ ಮಾಡಿದ್ದು ಓಟದ ವೇಗವನ್ನು. ಬ್ಯಾಸ್ಕೆಟ್‌ಬಾಲ್‌ನಲ್ಲಿ ಪೇಸ್, ಅಂದರೆ ಆಟದ ಗತಿ, ಬೇರೆಯೇ. ಕ್ರಿಕೆಟ್ ನೋಡಿ ಬೆಳೆದ ನಮಗೆ ಪೇಸ್ ಅಂದ ಕೂಡಲೇ ಜಾವಗಲ್ ಶ್ರೀನಾಥ್ ಅವರ ಎಸೆತ ನೆನಪಾಗುತ್ತದೆ. ಬ್ಯಾಸ್ಕೆಟ್‌ಬಾಲ್‌ನ ಪೇಸ್ ಓವರ್ ರೇಟ್‌ಗೆ ಹತ್ತಿರದ್ದು: 48 ನಿಮಿಷದಲ್ಲಿ ಒಂದು ತಂಡಕ್ಕೆ ಚೆಂಡಿನ ಸರದಿ ಎಷ್ಟು ಸಲ ಬಂತು ಎಂಬ ಎಣಿಕೆ. ಚೆಂಡು ಕೈಗೆ ಬಂದಲ್ಲಿಂದ ಎದುರಾಳಿಯ ಕೈಗೆ ಹೋಗುವವರೆಗೆ ಒಂದು ಸರದಿ, ಇಂಗ್ಲಿಷಿನವರ ಪೊಸೆಷನ್. ಇದನ್ನು ಯಾರೂ ಒಂದೊಂದಾಗಿ ಎಣಿಸಬೇಕಿಲ್ಲ, ಸ್ಕೋರ್‌ಕಾರ್ಡ್ ಇದ್ದರೆ ಸಾಕು. ಬುಟ್ಟಿಗೆ ಹೊಡೆದ ಶಾಟ್‌ಗಳ ಸಂಖ್ಯೆಗೆ ಫೌಲ್ ಆದಾಗ ಸಿಗುವ ಫ್ರೀ ಥ್ರೋಗಳ 0.44 ಪಾಲನ್ನೂ, ಶಾಟ್ ಇಲ್ಲದೆ ಚೆಂಡು ಕಳೆದುಕೊಂಡ ಟರ್ನೋವರ್‌ಗಳನ್ನೂ ಕೂಡಿಸಿ, ತಮ್ಮದೇ ಶಾಟ್ ತಪ್ಪಿದಾಗ ಮತ್ತೆ ಹಿಡಿದ ರೀಬೌಂಡ್‌ಗಳನ್ನು ಕಳೆಯಬೇಕು. 88 ಶಾಟ್, 22 ಫ್ರೀ ಥ್ರೋ, 14 ಟರ್ನೋವರ್, 11 ರೀಬೌಂಡ್ ಇದ್ದರೆ ಸುಮಾರು 101 ಸರದಿ. ಫ್ರೀ ಥ್ರೋ ಸಾಮಾನ್ಯವಾಗಿ ಎರಡೆರಡಾಗಿ ಸಿಗುತ್ತವೆ; ಆದರೂ ಅರ್ಧದ ಬದಲು 0.44 ಏಕೆಂದರೆ, ಬುಟ್ಟಿ ಬಿದ್ದ ಮೇಲೆ ಹೆಚ್ಚುವರಿಯಾಗಿ ಸಿಗುವ ಒಂದು ಫ್ರೀ ಥ್ರೋ, ಟೆಕ್ನಿಕಲ್ ಫೌಲ್‌ನ ಫ್ರೀ ಥ್ರೋ ಇಂಥವು ಬೇರೆ ಸರದಿಯನ್ನು ತಿನ್ನುವುದಿಲ್ಲ.

ಈಗ ಹುಡುಗನ ಪ್ರಶ್ನೆಗೆ ಬರೋಣ. 48 ನಿಮಿಷ ಅಂದರೆ 2880 ಸೆಕೆಂಡ್. ಈಚಿನ ವರ್ಷಗಳಲ್ಲಿ ಅಮೆರಿಕದ ವೃತ್ತಿಪರ ಲೀಗ್ ಎನ್‌ಬಿಎಯ ತಂಡಕ್ಕೆ ಪಂದ್ಯಕ್ಕೆ ಸುಮಾರು 100 ಸರದಿ, ಎರಡೂ ತಂಡ ಸೇರಿ 200. ಭಾಗಿಸಿದರೆ ಒಂದು ಸರದಿಗೆ 14.4 ಸೆಕೆಂಡ್. ಇವನು ಆಡುತ್ತಿದ್ದದ್ದು 5 ನಿಮಿಷದ ಕ್ವಾರ್ಟರ್, ಒಟ್ಟು 20 ನಿಮಿಷ. ಅದೇ ಲಯದಲ್ಲಿ ಆಡಿದರೆ ತಂಡಕ್ಕೆ 42 ಸರದಿಯೂ ಸಿಗುವುದಿಲ್ಲ. ಎನ್‌ಬಿಎ ತಂಡಗಳು ನೂರು ಸರದಿಗೆ ಸುಮಾರು 114 ಅಂಕ ಗಳಿಸುತ್ತವೆ ಅಂತ ಇಟ್ಟುಕೊಂಡರೆ ಇಲ್ಲಿ ಬರಬೇಕಾದ್ದು 47ರ ಆಸುಪಾಸು. ಅಂದರೆ ಅವನ 41–37 ಹೆಚ್ಚುಕಡಿಮೆ ಸರಿಯಾದ ಪಂದ್ಯವೇ, ನಾಲ್ಕಾರು ಶಾಟ್ ತಪ್ಪಿದ್ದವು ಅಷ್ಟೇ. ಇಷ್ಟನ್ನು ಕಾಗದದ ಮೇಲೆ ಬರೆದು ತೋರಿಸಿದಾಗ ಅವನ ಮುಖ ಸ್ವಲ್ಪ ಅರಳಿತು.

ಈ ಲೆಕ್ಕ ನನ್ನನ್ನು ಕಾಡುವುದಕ್ಕೆ ಕಾರಣವಿದೆ. ವಿಡಿಯೋ ಗೇಮ್ ಮೂಲಕ ಬ್ಯಾಸ್ಕೆಟ್‌ಬಾಲ್‌ಗೆ ಬರುವ ಮಕ್ಕಳು ಈಗ ಬಹಳ. ಕೋರ್ಟ್‌ಗೆ ಇಳಿದಾಗ ಅವರಲ್ಲಿ ಅನೇಕರಿಗೆ ಚೆಂಡು ಪುಟಿಸುವ ಡ್ರಿಬಲ್ ಬರುತ್ತದೆ, ಶಾಟ್ ಬರುತ್ತದೆ. ಯಾವಾಗ ಹೊಡೆಯಬೇಕು ಅನ್ನುವುದು ಮಾತ್ರ ಬರುವುದಿಲ್ಲ. ಈ ಆಟದ ಅರ್ಧ ಬುದ್ಧಿವಂತಿಕೆ ಇರುವುದೇ ಅಲ್ಲಿ ಎಂದು ನಾನು ನಂಬಿದ್ದೇನೆ.

ಶಾಟ್‌ಗೆ ಗಡುವು ಹಾಕುವ ಗಡಿಯಾರವಿಲ್ಲದಿದ್ದರೆ ಏನಾಗುತ್ತದೆ ಅನ್ನುವುದನ್ನು 1950ರ ನವೆಂಬರ್ 22ರಂದು ಅಮೆರಿಕ ನೋಡಿತು. ಮಿನಿಯಾಪೊಲಿಸ್ ಲೇಕರ್ಸ್ ತಂಡದಲ್ಲಿ ಜಾರ್ಜ್ ಮೈಕನ್ ಎಂಬ ದೈತ್ಯನಿದ್ದ. ಅವನೆದುರು ಸಾಮಾನ್ಯ ಆಟ ಆಡಿದರೆ ಸೋಲು ಖಚಿತ ಅಂತ ಫೋರ್ಟ್ ವೇನ್ ಪಿಸ್ಟನ್ಸ್ ತಂಡ ಚೆಂಡನ್ನು ಹಿಡಿದು ನಿಂತುಬಿಟ್ಟಿತು. ಆ ರಾತ್ರಿಯ ಫಲಿತಾಂಶ 19–18. ಪಿಸ್ಟನ್ಸ್ ಗೆದ್ದಿತು. ಲೇಕರ್ಸ್‌ನ 18ರಲ್ಲಿ 15 ಅಂಕ ಮೈಕನ್‌ದೇ. ಎನ್‌ಬಿಎ ಇತಿಹಾಸದಲ್ಲಿ ಅದಕ್ಕಿಂತ ಕಡಿಮೆ ಅಂಕದ ಪಂದ್ಯ ಇವತ್ತಿಗೂ ಇಲ್ಲ. ಗೆಲ್ಲುವ ದಾರಿಯಾಗಿ ಅದು ಸರಿಯಾದದ್ದೇ. ಟಿಕೆಟ್ ಕೊಂಡು ಬಂದವರಿಗೆ ಮಾತ್ರ ನೋಡಲು ಏನೂ ಇರಲಿಲ್ಲ.

ಇದಕ್ಕೆ ಮದ್ದು ಬಂದದ್ದು 1954ರಲ್ಲಿ, ಸಿರಾಕ್ಯೂಸ್ ನ್ಯಾಷನಲ್ಸ್ ತಂಡದ ಮಾಲೀಕ ಡ್ಯಾನಿ ಬಿಯಾಸೋನ್ ಅವರಿಂದ. ಬೌಲಿಂಗ್ ಆಲಿ ನಡೆಸುತ್ತಿದ್ದ ಮನುಷ್ಯ. ಅವರೂ ತಂಡದ ಮ್ಯಾನೇಜರ್ ಲಿಯೊ ಫೆರಿಸ್ ಅವರೂ ಕೂತು ಮಾಡಿದ ಲೆಕ್ಕ ಬಹಳ ಸರಳ. ಚೆನ್ನಾಗಿದ್ದ ಪಂದ್ಯಗಳಲ್ಲಿ ತಂಡಕ್ಕೆ ಸುಮಾರು 60ರಂತೆ 120 ಶಾಟ್ ಹೊಡೆಯುತ್ತಾರೆ. 2880 ಸೆಕೆಂಡನ್ನು 120ರಿಂದ ಭಾಗಿಸಿದರೆ 24. ಹಾಗೆ ಹುಟ್ಟಿದ್ದು 24 ಸೆಕೆಂಡಿನ ಶಾಟ್ ಕ್ಲಾಕ್: ಅಷ್ಟರೊಳಗೆ ಶಾಟ್ ಹೊಡೆಯದಿದ್ದರೆ ಚೆಂಡು ಎದುರಾಳಿಗೆ. ಹಿಂದಿನ ವರ್ಷ ತಂಡವೊಂದರ ಸರಾಸರಿ 79.5 ಅಂಕ ಇದ್ದದ್ದು 1954–55ರಲ್ಲಿ 93.1ಕ್ಕೆ ಏರಿತು. ಆ ವರ್ಷದ ಕಿರೀಟ ಸಿರಾಕ್ಯೂಸ್‌ಗೇ ಹೋಯಿತು.

ಕಬಡ್ಡಿ ನೋಡುವವರಿಗೆ ಇದು ಹೊಸದೇನೂ ಅನ್ನಿಸಲಾರದು. ಮುನ್ನಡೆಯಲ್ಲಿರುವ ತಂಡದ ರೈಡರ್ ಎದುರಾಳಿ ಅಂಗಳಕ್ಕೆ ಹೋಗಿ ಬಾಕ್ ಲೈನ್ ದಾಟಿ ಸುಮ್ಮನೆ ವಾಪಸ್ ಬರುತ್ತಾ ಕಾಲ ನೂಕುವುದನ್ನು ಪ್ರೊ ಕಬಡ್ಡಿಯಲ್ಲಿ ನೋಡಿದ್ದೇವೆ. ಅದಕ್ಕೇ ಅಲ್ಲಿ ರೈಡ್‌ಗೆ 30 ಸೆಕೆಂಡಿನ ಮಿತಿ. ಎರಡು ರೈಡ್ ಖಾಲಿ ಹೋದರೆ ಮೂರನೆಯದು ಡು ಆರ್ ಡೈ. ಎರಡು ಆಟಗಳೂ ಬೇರೆ ಬೇರೆ ಊರಿನಿಂದ ಹೊರಟು ಒಂದೇ ಬಾಗಿಲಿಗೆ ಬಂದಿವೆ.

ಆದರೂ ನಿಧಾನವಾಗಿ ಆಡುವುದರಲ್ಲಿ ಹೇಡಿತನವಿದೆ ಅನ್ನುವವರ ಮಾತನ್ನು ನಾನು ಒಪ್ಪುವುದಿಲ್ಲ. ಅದರ ಹಿಂದೆ ಗಟ್ಟಿ ಗಣಿತವಿದೆ. ಪ್ರತಿ ಸುತ್ತಿನಲ್ಲೂ ಬಲವಾದ ತಂಡಕ್ಕೆ ನೂರಕ್ಕೆ 55, ದುರ್ಬಲ ತಂಡಕ್ಕೆ 45 ಗೆಲುವಿನ ಅವಕಾಶ ಅಂತ ಇಟ್ಟುಕೊಳ್ಳಿ. ಒಂದೇ ಸುತ್ತು ಆಡಿದರೆ ದುರ್ಬಲ ತಂಡ ನೂರಕ್ಕೆ 45 ಸಲ ಗೆಲ್ಲುತ್ತದೆ. 11 ಸುತ್ತು ಆಡಿಸಿ ಹೆಚ್ಚು ಗೆದ್ದವರು ಯಾರು ಅಂತ ನೋಡಿದರೆ ಆ 45 ಸುಮಾರು 37ಕ್ಕೆ ಇಳಿಯುತ್ತದೆ. 101 ಸುತ್ತು ಆಡಿಸಿದರೆ 16ರ ಹತ್ತಿರ ಬಂದು ನಿಲ್ಲುತ್ತದೆ. ಸರದಿ ಹೆಚ್ಚಿದಷ್ಟೂ ಅದೃಷ್ಟದ ಪಾಲು ಕರಗಿ, ಯಾರು ಬಲಶಾಲಿಯೋ ಅವರೇ ಮೇಲೆ ಬರುತ್ತಾರೆ. ಹಾಗಾಗಿ ಬಲವಿಲ್ಲದವನು ಸರದಿಗಳನ್ನು ಕಡಿಮೆ ಮಾಡಲು ನೋಡುತ್ತಾನೆ. ಎರಡೂ ತಂಡಕ್ಕೆ ಸರದಿ ಸಮನಾಗಿಯೇ ಸಿಗುತ್ತದಲ್ಲ, ಗತಿ ಬದಲಿಸಿದರೆ ಏನು ಲಾಭ ಎಂದು ಕೇಳುವವರಿಗೆ ಉತ್ತರ ಇದು.

1996ರ ಮಾರ್ಚ್ 14ರಂದು ಪ್ರಿನ್ಸ್‌ಟನ್ ವಿಶ್ವವಿದ್ಯಾಲಯದ ಹುಡುಗರು ಇದನ್ನು ಮಾಡಿ ತೋರಿಸಿದರು. ಎದುರಿಗಿದ್ದದ್ದು ಹಿಂದಿನ ವರ್ಷದ ರಾಷ್ಟ್ರೀಯ ಕಾಲೇಜು ಚಾಂಪಿಯನ್ ಯುಸಿಎಲ್‌ಎ. ಆಗ ಕಾಲೇಜು ಆಟದ ಶಾಟ್ ಕ್ಲಾಕ್ 35 ಸೆಕೆಂಡ್. ಕೋಚ್ ಪೀಟ್ ಕ್ಯಾರಿಲ್ ಅವರ ತಂಡ ಪಾಸ್ ಮೇಲೆ ಪಾಸ್ ಮಾಡುತ್ತಾ ಕಾಯಿತು. ಡಿಫೆಂಡರ್ ಬೇಸತ್ತು ಒಂದು ಹೆಜ್ಜೆ ಮುಂದೆ ಬಂದನೋ, ಅವನ ಬೆನ್ನ ಹಿಂದಿನಿಂದ ಒಬ್ಬ ಬುಟ್ಟಿಯ ಕಡೆ ನುಸುಳುತ್ತಿದ್ದ. ಕೊನೆಯ ಸೆಕೆಂಡುಗಳಲ್ಲಿ ಬಿದ್ದ ಗೆಲುವಿನ ಬುಟ್ಟಿಯೂ ಹಾಗೆ ಬಂದದ್ದೇ. 43–41. ಆ ಪಂದ್ಯದಲ್ಲಿ ಪ್ರಿನ್ಸ್‌ಟನ್ ಸುಮ್ಮನೆ ಚೆಂಡು ಹಿಡಿದು ನಿಂತಿರಲಿಲ್ಲ. ಪ್ರತಿ ಸರದಿಯಲ್ಲೂ ಹುಡುಕಾಟವಿತ್ತು, ಆತುರ ಮಾತ್ರ ಇರಲಿಲ್ಲ. ಫೋರ್ಟ್ ವೇನ್‌ನ ನಿಧಾನಕ್ಕೂ ಇದಕ್ಕೂ ಅಜಗಜಾಂತರ.

ವೇಗವನ್ನೇ ನಂಬಿ ಕೆಟ್ಟವರೂ ಇದ್ದಾರೆ. 1990–91ರಲ್ಲಿ ಪಾಲ್ ವೆಸ್ಟ್‌ಹೆಡ್ ಡೆನ್ವರ್ ನಗೆಟ್ಸ್ ಕೋಚ್ ಆದರು. ಡೆನ್ವರ್ ಇರುವುದು ಸಮುದ್ರಮಟ್ಟದಿಂದ 1600 ಮೀಟರ್ ಎತ್ತರದಲ್ಲಿ, ಹೊರಗಿನಿಂದ ಬಂದವರಿಗೆ ಉಸಿರು ಸಾಲದು. ಅಲ್ಲಿ ಓಡಿಸಿ ಓಡಿಸಿ ಎದುರಾಳಿಯನ್ನು ಸುಸ್ತು ಮಾಡುವುದು ಅವರ ಯೋಚನೆ. ನಗೆಟ್ಸ್ ಪಂದ್ಯಕ್ಕೆ 119.9 ಅಂಕ ಗಳಿಸಿತು, ಲೀಗ್‌ನಲ್ಲೇ ಹೆಚ್ಚು. ಬಿಟ್ಟುಕೊಟ್ಟದ್ದು 130.8. ನವೆಂಬರ್‌ನ ಒಂದು ಪಂದ್ಯದಲ್ಲಿ ಫೀನಿಕ್ಸ್ ಸನ್ಸ್ ಇವರ ಮೇಲೆ ಮೊದಲರ್ಧದಲ್ಲೇ 107 ಅಂಕ ಹೊಡೆಯಿತು. ವರ್ಷದ ಕೊನೆಗೆ 20 ಗೆಲುವು, 62 ಸೋಲು. ಮೇಲಿನ ಗಣಿತವೇ ಇಲ್ಲಿ ತಿರುಗಿ ಹೊಡೆದದ್ದು: ದುರ್ಬಲ ತಂಡ ಸರದಿಗಳನ್ನು ಹೆಚ್ಚಿಸಿಕೊಂಡು ತನ್ನ ಅದೃಷ್ಟದ ಪಾಲನ್ನು ತಾನೇ ಕರಗಿಸಿಕೊಂಡಿತು.

ಅದೇ ಫೀನಿಕ್ಸ್ ಹದಿನಾಲ್ಕು ವರ್ಷದ ನಂತರ ವೇಗಕ್ಕೆ ಬೇರೆ ಅರ್ಥ ಕೊಟ್ಟಿತು. ತೊಂಬತ್ತರ ದಶಕದ ಕೊನೆಗೆ ಎನ್‌ಬಿಎ ಮತ್ತೆ ತೆವಳುತ್ತಿತ್ತು. 1998–99ರಲ್ಲಿ ತಂಡದ ಸರಾಸರಿ 91.6 ಅಂಕ, ಸರದಿ 90ಕ್ಕಿಂತ ಕಡಿಮೆ. 2001ರಲ್ಲಿ ಚೆಂಡನ್ನು ಅರ್ಧ ಗೆರೆ ದಾಟಿಸುವ ಗಡುವು 10ರಿಂದ 8 ಸೆಕೆಂಡಿಗೆ ಇಳಿಯಿತು. 2004ರಲ್ಲಿ ಹೊರಗಿನ ಆಟಗಾರರನ್ನು ಕೈಯಿಂದ ತಡೆದು ನಿಲ್ಲಿಸುವುದರ ಮೇಲೆ ರೆಫರಿಗಳು ಕಟ್ಟುನಿಟ್ಟಾದರು. ಸರಿಯಾಗಿ ಆ ವರ್ಷವೇ ಸ್ಟೀವ್ ನ್ಯಾಶ್ ಫೀನಿಕ್ಸ್‌ಗೆ ಬಂದರು, ಕೋಚ್ ಮೈಕ್ ಡಿ ಆಂಟೋನಿ ಚೆಂಡು ಸಿಕ್ಕ ‘ಏಳು ಸೆಕೆಂಡಿನೊಳಗೆ’ ಹೊಡೆದುಬಿಡುವ ಆಟ ಕಟ್ಟಿದರು. 62 ಗೆಲುವು. ನ್ಯಾಶ್ ಲೀಗ್‌ನ ಅತಿ ವೇಗದ ಓಟಗಾರನೇನೂ ಅಲ್ಲ. ಎದುರಾಳಿಗಳು ತಮ್ಮ ತಮ್ಮ ಜಾಗಕ್ಕೆ ಬಂದು ನಿಲ್ಲುವ ಮುಂಚೆ ಅವರ ಕಣ್ಣು ಖಾಲಿ ಜಾಗ ಹುಡುಕಿರುತ್ತಿತ್ತು.

ಆಟದ ಗತಿ ನಿಜವಾಗಿ ತೀರ್ಮಾನವಾಗುವ ಜಾಗವನ್ನು ಒಮ್ಮೆ ಹತ್ತಿರದಿಂದ ನೋಡಿ. ಬುಟ್ಟಿ ಬಿದ್ದಿದೆ. ಚೆಂಡು ಬಲೆಯಿಂದ ಕೆಳಗೆ ಬೀಳುತ್ತಿದೆ. ಎನ್‌ಬಿಎಯಲ್ಲಿ ಮೊದಲ ಮೂರು ಕ್ವಾರ್ಟರ್‌ಗಳ ಕೊನೆಯ ನಿಮಿಷ ಮತ್ತು ನಾಲ್ಕನೆಯದರ ಕೊನೆಯ ಎರಡು ನಿಮಿಷ ಬಿಟ್ಟರೆ, ಬುಟ್ಟಿ ಬಿದ್ದ ಮೇಲೂ ಪಂದ್ಯದ ಗಡಿಯಾರ ಓಡುತ್ತಲೇ ಇರುತ್ತದೆ. ಶಾಟ್ ಕ್ಲಾಕ್ ಮಾತ್ರ, ಗೆರೆಯಾಚೆಯಿಂದ ಎಸೆದ ಚೆಂಡನ್ನು ಒಳಗೊಬ್ಬ ಮುಟ್ಟಿದಾಗ ಶುರು. ನಡುವಿನ ಆ ಎರಡು ಮೂರು ಸೆಕೆಂಡ್ ಯಾರ ಲೆಕ್ಕಕ್ಕೂ ಇಲ್ಲದ ಸಮಯ. ಮುನ್ನಡೆಯಲ್ಲಿರುವ ತಂಡ ಅದನ್ನು ಮೆಲ್ಲಗೆ ತಿನ್ನುತ್ತದೆ: ಒಬ್ಬ ಸಾವಕಾಶವಾಗಿ ನಡೆದು ಬಂದು ಚೆಂಡು ಎತ್ತಿಕೊಳ್ಳುತ್ತಾನೆ, ಚೆಂಡು ಪಡೆದು ಆಟ ನಡೆಸಬೇಕಾದ ಪಾಯಿಂಟ್ ಗಾರ್ಡ್ ಬೆನ್ನು ತಿರುಗಿಸಿಕೊಂಡು ನಿಂತಿರುತ್ತಾನೆ. ಕೋಚ್ ರಿಕ್ ಕಾರ್ಲೈಲ್ ಅವರ ಇಂಡಿಯಾನಾ ಪೇಸರ್ಸ್ ಹುಡುಗರು ಚೆಂಡು ನೆಲ ಮುಟ್ಟುವ ಮೊದಲೇ ಹಿಡಿದು ಒಳಗೆ ಎಸೆದುಬಿಡುತ್ತಿದ್ದರು. ಬುಟ್ಟಿ ಹಾಕಿದ ಖುಷಿಯಲ್ಲಿ ಎದುರಾಳಿ ಇನ್ನೂ ಹಿಂದಕ್ಕೆ ತಿರುಗಿರುವುದಿಲ್ಲ, ಟೈರೀಸ್ ಹ್ಯಾಲಿಬರ್ಟನ್ ಆಗಲೇ ಅರ್ಧ ಗೆರೆ ದಾಟಿರುತ್ತಿದ್ದ. 2023–24ರಲ್ಲಿ ಆ ತಂಡದ ಸರಾಸರಿ 123.3 ಅಂಕ. ಮರುವರ್ಷ ಫೈನಲ್‌ನ ಏಳನೇ ಪಂದ್ಯದವರೆಗೆ ಹೋಗಿ ಒಕ್ಲಹೋಮ ಸಿಟಿಗೆ ಸೋತರು.

ಕೊನೆಯ ಎರಡು ನಿಮಿಷದಲ್ಲಿ ಇದೇ ನಿಯಮ ತಿರುಗುಮುರುಗು. ಬುಟ್ಟಿ ಬಿದ್ದಾಗ ಗಡಿಯಾರ ನಿಲ್ಲುತ್ತದೆ, ಒಳಗಿನವನು ಚೆಂಡು ಮುಟ್ಟುವವರೆಗೆ ಮತ್ತೆ ಹೊರಡುವುದಿಲ್ಲ. ಅದಕ್ಕೇ ಹಿಂದೆ ಬಿದ್ದ ತಂಡ ಚೆಂಡನ್ನು ಎಸೆಯದೆ ನೆಲದ ಮೇಲೆ ಉರುಳಿಸುತ್ತದೆ. ಗಾರ್ಡ್ ಅದರ ಪಕ್ಕದಲ್ಲೇ, ಮುಟ್ಟದೆ, ಹೆಜ್ಜೆ ಹಾಕುತ್ತಾ ಬರುತ್ತಾನೆ. ಇಡೀ ಕ್ರೀಡಾಂಗಣ ಒಂದು ಉರುಳುವ ಚೆಂಡನ್ನು ನೋಡುತ್ತಾ ಕೂತಿರುವ ಆ ಕ್ಷಣ ನನಗೆ ಡಂಕ್‌ಗಿಂತ ಇಷ್ಟ.

ಲೀಗ್ ಕೂಡ ಗತಿಯನ್ನು ತಿದ್ದುತ್ತಲೇ ಬಂದಿದೆ. 2018–19ರಿಂದ ತಮ್ಮದೇ ಶಾಟ್‌ನ ರೀಬೌಂಡ್ ಹಿಡಿದರೆ ಮತ್ತೆ ಸಿಗುವುದು 24 ಅಲ್ಲ, 14 ಸೆಕೆಂಡ್. 2022–23ರಿಂದ, ಎದುರಾಳಿ ಓಡಿ ಹೊರಟಾಗ ಬೇಕೆಂದೇ ಹಿಡಿದು ಫೌಲ್ ಮಾಡಿದರೆ ಒಂದು ಫ್ರೀ ಥ್ರೋ, ಮೇಲೆ ಚೆಂಡೂ ಅವರಿಗೇ. ಇದು ಬಹಳ ತಡವಾಗಿ ಬಂದ ಒಳ್ಳೆಯ ನಿಯಮ. ಆಟದ ಅತಿ ಸುಂದರ ಹತ್ತು ಹೆಜ್ಜೆಗಳನ್ನು ಅಂಗಿ ಎಳೆದು ನಿಲ್ಲಿಸುವುದು ನೋಡಿ ನೋಡಿ ಸಾಕಾಗಿತ್ತು. ಮೂವರ ಎದುರು ಮೂವರು ಆಡುವ 3x3 ಆಟದಲ್ಲಂತೂ ಶಾಟ್ ಕ್ಲಾಕ್ ಬರೀ 12 ಸೆಕೆಂಡ್, 10 ನಿಮಿಷ ಅಥವಾ 21 ಅಂಕ, ಯಾವುದು ಮೊದಲೋ ಅದಕ್ಕೆ ಮುಗಿಯಿತು.

ಈಗ ಎದ್ದಿರುವ ಪ್ರಶ್ನೆ ದೇಹದ್ದು. 2025ರ ಪ್ಲೇಆಫ್ ಒಂದರಲ್ಲೇ ಡೇಮಿಯನ್ ಲಿಲ್ಲರ್ಡ್, ಜೇಸನ್ ಟೇಟಮ್, ಹ್ಯಾಲಿಬರ್ಟನ್ ಮೂವರ ಹಿಮ್ಮಡಿಯ ಅಕಿಲೀಸ್ ಸ್ನಾಯುರಜ್ಜು ಹರಿಯಿತು. ಹ್ಯಾಲಿಬರ್ಟನ್ ಬಿದ್ದದ್ದು ಫೈನಲ್‌ನ ಕೊನೆಯ ಪಂದ್ಯದಲ್ಲೇ. ಗತಿಯೇ ಇದಕ್ಕೆ ಕಾರಣ ಅಂತ ಬೆರಳು ತೋರಿಸುವುದು ಆತುರವಾದೀತು; 1961–62ರಲ್ಲಿ ತಂಡಗಳು ಪಂದ್ಯಕ್ಕೆ ನೂರಕ್ಕೂ ಹೆಚ್ಚು ಶಾಟ್ ಹೊಡೆಯುತ್ತಿದ್ದವು, ಈಗ 89ರ ಸುತ್ತಮುತ್ತ. ಆದರೆ ಆಗ ಬುಟ್ಟಿಯ ಬುಡದಲ್ಲಿ ಗುಂಪಾಗಿ ನಿಲ್ಲುತ್ತಿದ್ದ ಡಿಫೆನ್ಸ್, ಈಗ ಮೂರು ಅಂಕದ ಗೆರೆಯವರೆಗೆ ಹರಡಿ ಪ್ರತಿ ಪಾಸ್‌ಗೂ ಧಾವಿಸಿ ನಿಂತು ತಿರುಗಬೇಕು. ಸರದಿಯ ಎಣಿಕೆ ಅದೇ ಇದ್ದರೂ ಒಂದೊಂದು ಸರದಿಯಲ್ಲಿ ಕಾಲಿಗೆ ಬೀಳುವ ಹೊರೆ ಬೇರೆ, ಅದನ್ನು ಪೇಸ್ ಎಂಬ ಸಂಖ್ಯೆ ಅಳೆಯುವುದಿಲ್ಲ. 2025ರ ಜನವರಿಯಲ್ಲಿ ಲೀಗ್‌ನ ಕಮಿಷನರ್ ಆಡಮ್ ಸಿಲ್ವರ್ 10 ನಿಮಿಷದ ಕ್ವಾರ್ಟರ್‌ಗಳ ಪರವಾಗಿ ಮಾತಾಡಿದ್ದರು. ಭಾರತವೂ ಸೇರಿ ಜಗತ್ತಿನ ಹೆಚ್ಚಿನ ಕಡೆ ಆಡುವುದು 40 ನಿಮಿಷವೇ. 2017ರ ಜುಲೈನಲ್ಲಿ ಬೆಂಗಳೂರಿನ ಕಂಠೀರವ ಒಳಾಂಗಣದಲ್ಲಿ ನಮ್ಮ ಮಹಿಳೆಯರು ಕಜಕಸ್ತಾನವನ್ನು 75–73ರಿಂದ ಸೋಲಿಸಿ ಏಷ್ಯಾ ಕಪ್‌ನ ಬಿ ವಿಭಾಗ ಗೆದ್ದದ್ದೂ ಅಷ್ಟರಲ್ಲೇ. ಆ ಪಂದ್ಯ ಚಿಕ್ಕದಾಯಿತು ಅಂತ ಯಾರಿಗೂ ಅನ್ನಿಸಿರಲಾರದು. ಎಂಟು ನಿಮಿಷ ಕಡಿಮೆಯಾದರೆ ಆರರಲ್ಲಿ ಒಂದು ಪಾಲು ಹೊರೆ ಇಳಿಯುತ್ತದೆ. ಹಳೆಯ ದಾಖಲೆಗಳಿಗೆ ಪೆಟ್ಟು ಬೀಳುತ್ತದೆ ಎಂಬ ಆಕ್ಷೇಪಕ್ಕಿಂತ ಆಟಗಾರನ ಹಿಮ್ಮಡಿ ನನಗೆ ದೊಡ್ಡದು.

ವಿಡಿಯೋ ಗೇಮ್‌ನಲ್ಲಿ ಆ ಹಿಮ್ಮಡಿಯ ಜಾಗದಲ್ಲಿ ದಣಿವು ತೋರಿಸುವ ಒಂದು ಬಣ್ಣದ ಪಟ್ಟಿ ಇದೆ. ಅದು ಖಾಲಿಯಾದರೆ ಬದಲಿ ಆಟಗಾರ ಬರುತ್ತಾನೆ. 1993ರ ಎನ್‌ಬಿಎ ಜಾಮ್‌ಗೆ ಈ ಚಿಂತೆಯೇ ಇರಲಿಲ್ಲ: ಇಬ್ಬರ ಎದುರು ಇಬ್ಬರು, ಮೂರು ನಿಮಿಷದ ಕ್ವಾರ್ಟರ್, ಸತತ ಮೂರು ಬುಟ್ಟಿ ಹಾಕಿದರೆ ಚೆಂಡಿಗೆ ಬೆಂಕಿ. ನಾಣ್ಯ ಹಾಕಿ ಆಡುವ ಯಂತ್ರ, ಅಲ್ಲಿ ನಿಧಾನಕ್ಕೆ ಎಡೆಯಿಲ್ಲ. 1999ರಲ್ಲಿ ಶುರುವಾದ 2ಕೆ ಸರಣಿ ಹಿಡಿದದ್ದು ಬೇರೆ ದಾರಿ, ನಿಜವಾದ ಆಟದ ಹಾಗೇ ಇರಬೇಕೆಂಬ ಹಟ. ಹಾಗಾಗಿ ಗತಿಯ ತೊಡಕುಗಳೂ ನಿಜವಾದವೇ. 5 ನಿಮಿಷದ ಕ್ವಾರ್ಟರ್‌ನಲ್ಲಿ ಅಂಕ ಸಾಲದು ಅನ್ನಿಸುತ್ತದೆ. ಬೇಸತ್ತು 12 ನಿಮಿಷಕ್ಕೆ ಏರಿಸಿದರೆ ಉಲ್ಟಾ ಕಾಯಿಲೆ: ಕೈ ಪಳಗಿದವರು ಎಂಟು ಹತ್ತು ಸೆಕೆಂಡಿಗೇ ಹೊಡೆಯುತ್ತಾರೆ. ಸರದಿಗೆ 10 ಸೆಕೆಂಡ್ ಅಂದರೆ ತಂಡಕ್ಕೆ 144 ಸರದಿ, 160 ದಾಟುವ ಸ್ಕೋರು. ಗೇಮ್ ಸ್ಪೀಡ್ ಇಳಿಸಿದರೆ ಕಾಲು ನಿಧಾನವಾಗುತ್ತದೆ, ಬೆರಳಿನ ಆತುರ ಹಾಗೇ ಉಳಿಯುತ್ತದೆ. ಆನ್‌ಲೈನ್‌ನಲ್ಲಿ ಇನ್ನೊಂದು ಬಗೆಯವರು ಸಿಗುತ್ತಾರೆ: ಒಬ್ಬನೇ ಆಟಗಾರನಿಂದ 20 ಸೆಕೆಂಡ್ ಡ್ರಿಬಲ್ ಮಾಡಿಸಿ ಕೊನೆಗೆ ಹೊಡೆಯುವವರು. ಪ್ರಿನ್ಸ್‌ಟನ್ ಕಾದದ್ದು ಐದು ಜನರನ್ನು ಆಡಿಸುತ್ತಾ. ಇವರಲ್ಲಿ ಉಳಿದ ನಾಲ್ವರು ನಿಂತು ನೋಡುತ್ತಾರೆ.

ನನಗೆ ತಿಳಿದ ಒಂದೇ ಉಪಾಯವನ್ನು ಹುಡುಗನಿಗೆ ಹೇಳಿದೆ. ಪರದೆಯಲ್ಲಿ ಸ್ಕೋರು ನೋಡಬೇಡ, ಶಾಟ್ ಕ್ಲಾಕ್ ನೋಡು. ಓಡಿಹೋಗಿ ಸುಲಭದ ಬುಟ್ಟಿ ಸಿಕ್ಕರೆ ಕ್ಲಾಕ್ 18ರಲ್ಲಿರುವಾಗಲೇ ಹೊಡಿ. ಸಿಗದಿದ್ದರೆ ಮೂರು ಪಾಸ್ ಆಗುವವರೆಗೆ ಶಾಟ್ ಬಟನ್ ಮುಟ್ಟಬೇಡ. ಕ್ವಾರ್ಟರ್‌ನ ಕೊನೆಗೆ 35 ಸೆಕೆಂಡ್ ಇದ್ದಾಗ ಚೆಂಡು ನಿನ್ನ ಕೈಲಿದ್ದರೆ ಮಾತ್ರ ಬೇಗ ಹೊಡೆದುಬಿಡು; ಎದುರಾಳಿ ತನ್ನ 24 ಪೂರ್ತಿ ತಿಂದರೂ ನಿನಗೆ ಇನ್ನೊಂದು ಸರದಿ ಉಳಿಯುತ್ತದೆ, ಅವನಿಗೆ ಒಂದು, ನಿನಗೆ ಎರಡು.

ಸಂಜೆ 12 ನಿಮಿಷದ ಕ್ವಾರ್ಟರ್ ಇಟ್ಟುಕೊಂಡು ಕೂತ. ಗೇಮ್ ಸ್ಪೀಡ್ ಮೊದಲಿದ್ದ ಕಡೆಗೇ ವಾಪಸ್. ಮೊದಲ ಕ್ವಾರ್ಟರ್‌ನಲ್ಲಿ ಮೂರು ಪಾಸ್ ಎಣಿಸುವಷ್ಟರಲ್ಲಿ ನಾಲ್ಕು ಸಲ ಚೆಂಡು ಕಳೆದುಕೊಂಡ. ಎರಡನೆಯದರಲ್ಲಿ ಒಂದೇ ಸಲ. ಮೂರನೆಯದು ಮುಗಿಯಲು 36 ಸೆಕೆಂಡ್ ಇದ್ದಾಗ ರೀಬೌಂಡ್ ಸಿಕ್ಕಿತು. ನಾನು ಬಾಯಿ ಬಿಡಲಿಲ್ಲ. ಓಡಿದ, 31 ಇರುವಾಗ ಹೊಡೆದ, ತಪ್ಪಿತು. ಎದುರಾಳಿ ಚೆಂಡು ಹಿಡಿದು ಕಾಯುತ್ತಾ ಕಾಯುತ್ತಾ ಕೊನೆಗೆ ಹೊಡೆದದ್ದೂ ತಪ್ಪಿತು. ಚೆಂಡು ಮತ್ತೆ ಇವನ ಕೈಗೆ ಬಂದಾಗ ಗಡಿಯಾರದಲ್ಲಿ 7.

‘ಮಾಮ, ಇಷ್ಟು ಸಾಕಾ?’ ಅಂದ, ಪರದೆಯಿಂದ ಕಣ್ಣು ತೆಗೆಯದೆ.

‘ಸಾಕು, ಪಾಸ್ ಮಾಡು.’